ಯಾರ ಕಡೆಯಿಂದಲೂ ಬಾರದ್ದು

ಬಿಡದಿಯ ಕಾರ್ಖಾನೆಯೊಂದರಲ್ಲಿ ನನ್ನ ಕೆಲಸ ತಪ್ಪು ಹುಡುಕುವುದು. ಲೈನಿನಿಂದ ಬಂದ ಬಿಡಿಭಾಗವನ್ನು ಅಳತೆಗೆ ಹಿಡಿದು ನೋಡಬೇಕು, ಕೆಟ್ಟದ್ದನ್ನು ಕೆಂಪು ಡಬ್ಬಕ್ಕೆ ಹಾಕಬೇಕು, ಯಾಕೆ ಕೆಟ್ಟಿತೆಂದು ಕಂಪ್ಯೂಟರಿನಲ್ಲಿ ಒತ್ತಬೇಕು. ಮೆಷಿನ್ನಿನ ತಪ್ಪೋ, ಮಾಲಿನ ತಪ್ಪೋ, ಮನುಷ್ಯರ ತಪ್ಪೋ, ಯಾವುದಾದರೂ ಒಂದನ್ನು ಒತ್ತದೆ ಮುಂದಿನ ಪರದೆ ತೆರೆಯುವುದಿಲ್ಲ. ವರ್ಷಗಟ್ಟಲೆ ಇದನ್ನೇ ಮಾಡಿದವಳಿಗೆ ಮನೆಯಲ್ಲೂ ಅದೇ ಚಾಳಿ. ಅನ್ನ ತಳ ಹಿಡಿದರೂ ಕಾರಣ ಬೇಕು. ನನ್ನ ಗಂಡ ಇದಕ್ಕೆ “ನಿಮ್ಮವ್ವನ ಬುದ್ಧಿ” ಎನ್ನುತ್ತಾರೆ. ನಮ್ಮವ್ವ ತಮಗೆ ಒಡಹುಟ್ಟಿದ ಅಕ್ಕ ಎಂಬುದು ಆ ಹೊತ್ತಿಗೆ ಅವರಿಗೆ ಮರೆತುಹೋಗಿರುತ್ತದೆ.

ಹೌದು, ನಾನು ಸೋದರಮಾವನನ್ನು ಮದುವೆಯಾದವಳು. ಇವತ್ತಿಗೂ ಅವರನ್ನು ಮಾವ ಎಂದೇ ಕರೆಯುತ್ತೇನೆ. ನನಗಿಂತ ಐದಾರು ವರ್ಷ ದೊಡ್ಡವರು, ಅಷ್ಟೇ. ತಾಯಿ ಇಲ್ಲದ ಆ ಕಿರಿಯ ತಮ್ಮನನ್ನು ಸಾಕಿದವಳು ಅವ್ವ. ದೊಡ್ಡಆಲಹಳ್ಳಿಯ ಹತ್ತಿರದ ನಮ್ಮೂರಿನಲ್ಲಿ ಒಂದೇ ಸೂರಿನಡಿ ಬೆಳೆದೆವು. ನಾನು ಡಿಗ್ರಿ ಮುಗಿಸುವ ಹೊತ್ತಿಗೆ ಒಳ್ಳೆಯ ಸಂಬಂಧಗಳು ಬಂದಿದ್ದವು. “ಮನೇಲಿ ಬಂಗಾರದಂತ ಹುಡ್ಗ ಇಟ್ಕಂಡು ಹೊರಗ್ನೋರ ಮನೆ ಬಾಗ್ಲು ಯಾಕ್ ತಟ್ಟಾನ?” ಎಂದು ಅವ್ವ ಹಟ ಹಿಡಿದಳು. ನಮ್ಮಪ್ಪ ಎರಡು ದಿನ ಗೊಣಗಿ ಸುಮ್ಮನಾದರು. ನನಗೇನೂ ಬೇಸರವಿರಲಿಲ್ಲ, ಮಾವ ಒಳ್ಳೆಯವರು.

ಆ ಕಾಲಕ್ಕೆ ಊರಿನಲ್ಲಿ ಅವ್ವನ ಮಾತಿಗೆ ಎದುರಿರಲಿಲ್ಲ. ಅವಳ ಕೈಗುಣ ಅಂಥದ್ದು ಎನ್ನುತ್ತಿದ್ದರು. ಯಾರ ಮನೆಗೆ ರೇಷ್ಮೆ ಮರಿಹುಳ ಬಂದರೂ ಮೊದಲ ಹಿಡಿ ಸೊಪ್ಪು ಉದುರಿಸಲು ಅವ್ವನೇ ಬರಬೇಕು. ಹೆಣ್ಣು ಗಂಡಿನ ಮಾತುಕತೆಯಿದ್ದರೂ ಅವಳನ್ನೇ ಮುಂದೆ ಬಿಡುತ್ತಿದ್ದರು. ಅವ್ವನಿಗೂ ಅದರಲ್ಲಿ ಸ್ವಲ್ಪ ಜಂಬವಿತ್ತು, ಸುಳ್ಳು ಹೇಳಲಾರೆ.

ಮದುವೆಯಾಗಿ ರಾಮನಗರದಲ್ಲಿ ಮನೆ ಮಾಡಿದೆವು, ಮಗಳು ಅಲ್ಲೇ ಹುಟ್ಟಿದಳು. ತಲೆ ಒಸಿ ದೊಡ್ಡದು, ಕೈಕಾಲು ಗಿಡ್ಡ. ಕೆಲವು ತಿಂಗಳಲ್ಲಿ ಎಲ್ಲರಿಗೂ ಅನುಮಾನ ಬಂತು. ಹತ್ತಿರದ ಕ್ಲಿನಿಕ್ಕಿಗೆ ಕರೆದೊಯ್ದಾಗ ಅವ್ವನೂ ಜೊತೆಗಿದ್ದಳು. ಮಗುವನ್ನು ತಿರುಗಿಸಿ ಮುರುಗಿಸಿ ನೋಡಿದ ಡಾಕ್ಟರು, “ಸಂಬಂಧದಲ್ಲೇ ಮದುವೆಯಾ?” ಎಂದು ಕೇಳಿದರು. ಹೌದು ಎಂದೆವು. “ಅದಕ್ಕೇ” ಎಂದರು. ಇವಳು ಎತ್ತರ ಬೆಳೆಯುವುದಿಲ್ಲ, ಬುದ್ಧಿಗೇನೂ ಕೊರತೆಯಾಗುವುದಿಲ್ಲ ಎಂದೂ ಹೇಳಿದರು. ಆದರೆ ಅವ್ವನ ಕಿವಿ ‘ಅದಕ್ಕೇ’ ಎನ್ನುವಲ್ಲೇ ನಿಂತುಹೋಗಿತ್ತು.

ಅವತ್ತಿನಿಂದ ಅವ್ವ ಬೇರೆಯೇ ಮನುಷ್ಯಳಾದಳು. ಬಾಣಂತನ ಅರ್ಧಕ್ಕೇ ಬಿಟ್ಟು ಊರಿಗೆ ಹೋದಳು. ಯಾರು ಬಂದು ಕರೆದರೂ ಸೊಪ್ಪು ಹಾಕಲು ಹೋಗಲಿಲ್ಲ. ಮದುವೆ ಮಾತಿಗಂತೂ ಸೈ ಎನ್ನಲಿಲ್ಲ. “ನನ್ನ ಕೈಗುಣ ಏನಂತ ಮಗೀನ್ ಮೇಲೆ ಗೊತ್ತಾಯ್ತಲ್ಲ ಬುಡಿ” ಎನ್ನುತ್ತಿದ್ದಳು. ನಮ್ಮ ಮನೆಗೆ ರಾಗಿ, ಅವರೆಕಾಯಿ, ತುಪ್ಪ ಯಾವುದೂ ತಪ್ಪಲಿಲ್ಲ. ಬಸ್ಸಿನಲ್ಲಿ ಯಾರ ಕೈಯಲ್ಲಾದರೂ ಕಳಿಸುತ್ತಿದ್ದಳು. ತಾನು ಬಂದರೆ ಬಾಗಿಲ ಹತ್ತಿರ ಕೂತು, ಕಾಫಿ ಕುಡಿದು, ಸಂಜೆಯ ಬಸ್ಸಿಗೆ ಹೊರಟುಬಿಡುತ್ತಿದ್ದಳು. ಮೊಮ್ಮಗಳ ಜೊತೆ ಮಾತಾಡುವಾಗ ಕಣ್ಣು ಗೋಡೆಯ ಕ್ಯಾಲೆಂಡರಿನ ಮೇಲಿರುತ್ತಿತ್ತು.

ಮಗಳಿಗೆ ಇದು ಅರ್ಥವಾಗದೆ ಇರಲಿಲ್ಲ. ಅಜ್ಜಿಗೆ ತನ್ನನ್ನು ಕಂಡರಾಗದು ಎಂದೇ ತಿಳಿದು ಬೆಳೆದಳು. ಹೊರಗಿನವರ ಮಾತಿಗೆ ಅವಳು ಸೊಪ್ಪು ಹಾಕುವವಳಲ್ಲ. ಹೈಸ್ಕೂಲಿನಲ್ಲಿದ್ದಾಗ ಕಂಡಕ್ಟರು ಚಿಕ್ಕ ಮಗು ಎಂದುಕೊಂಡು ಅರ್ಧ ಟಿಕೆಟು ಹರಿದರೆ, “ಹಂಗಾದ್ರೆ ಅರ್ಧ ಸೀಟಲ್ಲಿ ಕೂತ್ಕೊಳ್ಳಾ ಸಾರ್?” ಎಂದು ಬಸ್ಸಿಗೆ ಬಸ್ಸನ್ನೇ ನಗಿಸಿದವಳು. ಅಜ್ಜಿಯ ವಿಷಯಕ್ಕೆ ಮಾತ್ರ ಮುಖ ಸಣ್ಣದು ಮಾಡುತ್ತಿದ್ದಳು. ನಾವೂ ಇನ್ನೊಂದು ಮಗುವಿನ ಯೋಚನೆ ಬಿಟ್ಟೆವು. ಒಂದು ಸಲ ಬೆಂಕಿ ಮುಟ್ಟಿದವರು ಮತ್ತೆ ಕೈ ಚಾಚುತ್ತಾರೆಯೇ?

ಈಗ ಅವಳು ಪಿಯುಸಿ, ವಿಜ್ಞಾನ. ಕಳೆದ ವರ್ಷ ಜೀವಶಾಸ್ತ್ರದ ಪಾಠದಲ್ಲಿ ಉತ್ಪರಿವರ್ತನೆ ಎಂಬುದು ಬಂತಂತೆ. ಜೀವಕೋಶ ತನ್ನೊಳಗಿನ ಗುಣಸೂತ್ರವನ್ನು ನಕಲು ಮಾಡಿಕೊಳ್ಳುವಾಗ ಎಲ್ಲೋ ಒಂದು ಕಡೆ ಕೈತಪ್ಪುವುದು. ಓದಿದವಳೇ, “ಅಮ್ಮ, ನಂದು ಸಂಬಂಧದ ಮದುವೆಯಿಂದ ಬಂದಿದ್ದಲ್ಲ ಅನ್ಸುತ್ತೆ. ದೊಡ್ಡಾಸ್ಪತ್ರೆಗೆ ಹೋಗೋಣ” ಎಂದು ಗಂಟುಬಿದ್ದಳು. ಬೆಂಗಳೂರಿಗೆ ಹೋದೆವು. ರಕ್ತ ಪರೀಕ್ಷೆಯಾಯಿತು. ಅಲ್ಲಿನ ಡಾಕ್ಟರಮ್ಮ ಒಂದು ಉದ್ದದ ಇಂಗ್ಲಿಷ್ ಹೆಸರು ಹೇಳಿದರು. “ಕುಳ್ಳಿಗೆ ಇಷ್ಟುದ್ದದ ಹೆಸರಾ?” ಎಂದು ಮಗಳು ನಕ್ಕಳು.

“ಇದು ಯಾರ ಕಡೆಯಿಂದ ಬಂದದ್ದು?” ಎಂದು ನಾನು ಕೇಳಿದೆ.

“ಯಾರ ಕಡೆಯಿಂದಲೂ ಅಲ್ಲ. ನಿಮ್ಮಿಬ್ಬರಲ್ಲಿ ಒಬ್ಬರಿಗೆ ಇದ್ದಿದ್ದರೆ ಅವರೂ ಇವಳಷ್ಟೇ ಎತ್ತರ ಇರುತ್ತಿದ್ದರು. ಇವಳಲ್ಲಿ ಹೊಸದಾಗಿ ಆಗಿದೆ. ಸಂಬಂಧದ ಮದುವೆಯಿಂದ ಕೆಲವು ಕಾಯಿಲೆ ಹೆಚ್ಚುತ್ತವೆ, ಅದು ಸುಳ್ಳಲ್ಲ. ಇದು ಆ ಜಾತಿಯದ್ದಲ್ಲ.”

“ಆದರೂ ಒಂದು ಕಾರಣ ಅಂತ ಇರಬೇಕಲ್ಲ ಮೇಡಂ?”

“ನೀವು ಮಾಡಿದ್ದು, ಬಿಟ್ಟದ್ದು ಯಾವುದೂ ಕಾರಣವಲ್ಲ. ಆಯಿತು, ಅಷ್ಟೇ.”

ಆ ಡಾಕ್ಟರಮ್ಮನನ್ನು ನಮ್ಮ ಕಾರ್ಖಾನೆಯಲ್ಲಿ ನನ್ನ ಕುರ್ಚಿಗೆ ಕೂರಿಸಿದ್ದರೆ ಮುಂದಿನ ಪರದೆಯೇ ತೆರೆಯುತ್ತಿರಲಿಲ್ಲ. ಇನ್ನೊಂದು ಮಗುವಾಗಿದ್ದರೆ ಅದಕ್ಕೂ ಹೀಗೇ ಆಗುವುದು ತೀರಾ ಅಪರೂಪ ಎಂದೂ ಹೇಳಿದರು. ಅದನ್ನು ಕೇಳಿ ನನಗೆ ಸಮಾಧಾನವಾಗಲಿಲ್ಲ, ಸಿಟ್ಟು ಬಂತು. ಒಂದು ‘ಅದಕ್ಕೇ’ಗೆ ಹೆದರಿ ಕಳೆದ ವರ್ಷಗಳನ್ನು ಯಾರ ಹತ್ತಿರ ಹೋಗಿ ಕೇಳುವುದು? ಬಸ್ಸಿನಲ್ಲಿ ಮಾವ ಕೆಂಗೇರಿ ದಾಟುವವರೆಗೂ ಪರೀಕ್ಷೆಯ ಕಾಗದವನ್ನೇ ತಿರುವಿ ತಿರುವಿ ನೋಡಿದರು. ಆಮೇಲೆ, “ಮೊದ್ಲು ಅಕ್ಕಂಗೆ ಹೇಳ್ಬೇಕು” ಎಂದರು.

ಭಾನುವಾರ ಮಗಳೊಂದಿಗೆ ಊರಿಗೆ ಹೋದೆ. ಮಾವ ಬರಲಿಲ್ಲ, ಅಕ್ಕನ ಕಣ್ಣೀರು ನೋಡಲು ಅವರಿಗೆ ಧೈರ್ಯ ಸಾಲದು. ಅವ್ವ ಹುಳದ ಮನೆಯಲ್ಲಿದ್ದಳು. ಹುಳ ಹಣ್ಣಾಗಿ ಗೂಡು ಕಟ್ಟುವುದಕ್ಕೆ ಇನ್ನೆರಡು ದಿನವಿತ್ತು, ಸೊಪ್ಪು ಮೇಯುವ ಸದ್ದು ಜೋರಾಗಿತ್ತು. ನಾನು ಡಾಕ್ಟರಮ್ಮ ಹೇಳಿದ್ದನ್ನೆಲ್ಲ ಒಂದೂ ಬಿಡದೆ ಹೇಳಿದೆ. ಅವ್ವ ಸೊಪ್ಪು ಹರಡುತ್ತಲೇ ಕೇಳಿಸಿಕೊಂಡಳು.

“ನನ್ನ ಸಮಾಧಾನಕ್ಕೆ ಕತೆ ಕಟ್ಕಂಡ್ ಬಂದಿದ್ದೀಯ. ಏನೂ ಇಲ್ದೆ ಸುಮ್‌ಸುಮ್ಕೆ ಆಯ್ತದಾ?”

ಮಗಳು ಹುಳದ ತಟ್ಟೆಯ ಅಂಚು ಹಿಡಿದು ನಿಂತಿದ್ದಳು. “ಅಜ್ಜಿ, ಒಂದೇ ಚಿಟ್ಟೆ ಮೊಟ್ಟೆ, ಒಂದೇ ಸೊಪ್ಪು. ಅದ್ರಲ್ಲಿ ಯಾವತ್ತಾದ್ರೂ ಒಂದು ಹುಳ ಬೇರೆ ಥರ ಬಂದಿಲ್ವಾ?”

“ಬತ್ತದೆ. ಒಂದೊಂದು ಕರೀ ಪಟ್ಟೆದು ಬತ್ತದೆ.”

“ಅದು ಯಾರ ಪಾಪ?”

“ಹುಳ ಹುಳಾನೇ, ಮನುಷ್ರು ಮನುಷ್ರೇ. ಓದಿದ್ದು ಜಾಸ್ತಿ ಆಯ್ತು ನಿಂಗೆ.”

“ಕೇಳಜ್ಜಿ. ಈ ಹುಳದ ಮೂಲದ ಚಿಟ್ಟೆ ಕಾಡಲ್ಲಿ ಹಾರ್ತಿತ್ತು. ನಿನ್ನ ರೇಷ್ಮೆ ಚಿಟ್ಟೆ ಹಾರುತ್ತಾ? ಎಲ್ಲೋ ಒಂದೊಂದು ಹಾರಲಾರದ್ದು ಹಿಂಗೇ ಸುಮ್ನೆ ಹುಟ್ಟಿರುತ್ತೆ. ಕಾಡಲ್ಲಾಗಿದ್ರೆ ಹಕ್ಕಿ ತಿಂದುಬಿಡ್ತಿತ್ತು. ಮನುಷ್ಯರು ಇಟ್ಕೊಂಡ್ರು, ಉಳೀತು. ಬರೋದು ಯಾರನ್ನೂ ಕೇಳಿ ಬರಲ್ಲ. ಉಳಿಯೋದಾ ಹೋಗೋದಾ ಅನ್ನೋದು ಆಮೇಲಿನ ಮಾತು. ಹಿಂಗೆ ತಪ್ಪಿ ತಪ್ಪಿ ಬಂದಿರೋದೇ ಹುಳ, ಹಕ್ಕಿ, ನೀನು, ನಾನು, ಎಲ್ಲಾ.”

ಇಷ್ಟುದ್ದದ ಪಾಠ ಅವ್ವನ ತಲೆಗೆ ಎಷ್ಟು ಹೋಯಿತೋ ಗೊತ್ತಿಲ್ಲ. ಅವಳು ಬೇರೆ ಏನನ್ನೋ ಲೆಕ್ಕ ಹಾಕುತ್ತಿದ್ದಳು. ನನ್ನ ಕಡೆ ತಿರುಗಿ, “ಅಂಗಾರೆ ನಿನ್ನ ಹೊರಗ್ನೋರಿಗೆ ಕೊಟ್ಟಿದ್ರೂ ಆಯ್ತಿತ್ತಾ?” ಎಂದಳು.

“ಆಗಬಹುದಿತ್ತು. ಆಗದೇನೂ ಇರಬಹುದಿತ್ತು. ನೀನು ಕೊಟ್ಟಿದ್ದಕ್ಕೆ ಆಗಿದ್ದಲ್ಲ ಅವ್ವ.”

“ಹೊರಗೆ ಕೊಟ್ಟಿದ್ರೆ ನಾನೇ ಇರ್ತಿರ್ಲಿಲ್ಲ ಬಿಡಜ್ಜಿ” ಎಂದಳು ಮಗಳು. “ಇನ್ಯಾರೋ ಇರ್ತಿದ್ರು. ನಿನಗೆ ಅವಳೇ ಇಷ್ಟ ಆಗ್ತಿದ್ಲೇನೋ.”

ಅವ್ವ ಸೊಪ್ಪಿನ ಹೊರೆಯ ಮೇಲೆ ಕುಸಿದು ಕೂತಳು. ಅತ್ತು ಹಗುರಾಗುತ್ತಾಳೆ ಎಂದುಕೊಂಡಿದ್ದೆ. ಅವಳ ಮುಖದಲ್ಲಿ ಹಗುರವೇನೂ ಕಾಣಲಿಲ್ಲ.

“ಇಷ್ಟ ಇಲ್ದೆ ಅಲ್ಲ ಕಣವ್ವ. ನಿನ್ನ ನೋಡ್ದಾಗೆಲ್ಲ ನಾನ್ ಮಾಡಿದ್ದೇ ಕಾಣದು” ಎಂದಳು. ನನ್ನ ಕಡೆ ನೋಡಿ, “ಈ ಮಗೀನ ಮಕಾನೇ ನೋಡ್ನಿಲ್ವಲ್ಲೇ ನಾನು” ಎಂದಳು.

ಅವಳು ಕಳೆದುಕೊಂಡದ್ದು ನಾವು ಕಳೆದುಕೊಂಡದ್ದಕ್ಕಿಂತ ಕಡಿಮೆಯದಲ್ಲ ಎಂದು ಆಗ ತಿಳಿಯಿತು.

ನಮ್ಮ ಕಡೆ ಮಗು ಹುಟ್ಟಿದರೆ ಹೆಂಗಸರು ಸುತ್ತ ಕೂತು ಮೊದಲು ಮಾಡುವ ಕೆಲಸ ಕಣ್ಣು, ಮೂಗು, ಗಲ್ಲವನ್ನು ಎರಡೂ ಕಡೆಯವರಿಗೆ ಹಂಚುವುದು. ಕಣ್ಣು ಅಪ್ಪನದು, ಹಣೆ ಅತ್ತೆಯದು ಎಂದು ಜಗಳವೇ ಆಗುತ್ತದೆ. ನನ್ನ ಮಗಳ ವಿಷಯದಲ್ಲಿ ಆ ಜಗಳ ಆಗಲೇ ಇಲ್ಲ. ಎಲ್ಲರೂ ಅವಳ ಗಿಡ್ಡ ಕಾಲಿಗೆ ವಾರಸುದಾರರನ್ನು ಹುಡುಕುವುದರಲ್ಲೇ ಇದ್ದರು.

ಅವ್ವ ಸೆರಗಿಗೆ ಕೈ ಒರೆಸಿಕೊಂಡು ಮೊಮ್ಮಗಳನ್ನು ಹತ್ತಿರ ಕರೆದಳು. ಕೂತ ಅವ್ವನೂ ನಿಂತ ಮಗಳೂ ಸಮಸಮಕ್ಕೆ ಬಂದರು. ಗಲ್ಲ ಹಿಡಿದು ಮುಖವನ್ನು ಬಾಗಿಲ ಬೆಳಕಿಗೆ ತಿರುಗಿಸಿ, ಬಹಳ ಹೊತ್ತು ನೋಡಿದಳು.

“ಮೂಗು ನಂದು” ಎಂದಳು ಅವ್ವ. “ನಿಮ್ಮವ್ವನ್ ಕಡೆಯಿಂದ್ಲೂ ನಂದೇ, ನಿಮ್ಮಪ್ಪನ್ ಕಡೆಯಿಂದ್ಲೂ ನಂದೇ. ಇನ್ನೆಲ್ ತಪ್ಪಿಸ್ಕಂಡಿಯೇ?”