ಸೇರಿದ ತಾರೀಖು

ಹಸಿ ಮರ ಕೊಯ್ದಾಗ ಉದುರುವ ಹೊಟ್ಟಿನ ವಾಸನೆ ನಿಮಗೂ ಗೊತ್ತಿರಬಹುದು. ಸ್ವಲ್ಪ ಹುಳಿ, ಸ್ವಲ್ಪ ಒಗರು, ಮೂಗಿಗೆ ಹತ್ತಿದರೆ ಬೇಗ ಬಿಡುವುದಿಲ್ಲ. ಈಗಲೂ ಬಡಗಿಯ ಅಂಗಡಿ ಮುಂದೆ ಹಾದರೆ ನನ್ನ ಕಾಲು ತಾನಾಗಿ ನಿಲ್ಲುತ್ತದೆ. ನರಸಿಂಹರಾಜಪುರದ ನಮ್ಮ ಮನೆ ಈಗಿಲ್ಲ, ಅದರ ಹಿಂದಿದ್ದ ನಾಟಾ ಡಿಪೋ ಇಲ್ಲ, ಅಪ್ಪಯ್ಯನೂ ಇಲ್ಲ. ನೆನೆದರೆ ಅಳು ಬರುತ್ತದೆ ಎಂದರೆ ಸುಳ್ಳಾಗುತ್ತದೆ. ಏನೂ ಬರುವುದಿಲ್ಲ, ಸುಮ್ಮನೆ ನಿಂತಿರುತ್ತೇನೆ.

ಅಪ್ಪಯ್ಯ ಆ ಡಿಪೋದ ರೈಟರು. ಕಾಡಿನಿಂದ ಬಂದ ಮರ ಅಳೆಯುವುದು, ಆಳುಗಳ ಹಾಜರಿ ಬರೆಯುವುದು ಅವರ ಕೆಲಸ. ಅವರ ಅಕ್ಷರ ಎಷ್ಟು ದುಂಡಗಿತ್ತೆಂದರೆ ಲಗ್ನಪತ್ರಿಕೆ ಬರೆಸಲು ಜನ ಮನೆಗೆ ಬರುತ್ತಿದ್ದರು. ಆ ಬಗ್ಗೆ ಅವರಿಗೆ ಸಣ್ಣ ಜಂಬವೂ ಇತ್ತು. ಗರಗಸದ ಮೇಸ್ತ್ರಿ ಕರೀಂ ಸಾಬರು ಅವರ ಜೀವದ ಗೆಳೆಯ. ಸಾಬರಿಗೆ ಓದುಬರಹ ಬಾರದು. ಶನಿವಾರ ಹಾಜರಿ ಪುಸ್ತಕಕ್ಕೆ ಹೆಬ್ಬೆಟ್ಟು ಒತ್ತಿ, ಮಸಿಯ ಬೆರಳನ್ನು ಒಂದು ಹಿಡಿ ಹೊಟ್ಟಿನಲ್ಲಿ ತಿಕ್ಕಿಕೊಳ್ಳುತ್ತಿದ್ದರು. ಮಳೆಗಾಲದ ಎರಡು ತಿಂಗಳು ಮರ ಬರುತ್ತಿರಲಿಲ್ಲ, ಹಾಜರಿಯನ್ನೂ ಬರೆಯುತ್ತಿರಲಿಲ್ಲ. ಆಗಲೂ ಇವರಿಬ್ಬರು ಡಿಪೋದಲ್ಲೇ ಕೂತು ನಾಟಾ ಕಾಯುತ್ತ, ಗರಗಸದ ಹಲ್ಲು ತೀಡುತ್ತ ಹರಟುತ್ತಿದ್ದರು.

ಹೊಸ ಹಾಜರಿ ಪುಸ್ತಕ ಶುರುವಾಗುತ್ತಿದ್ದುದು ವಿಜಯದಶಮಿಗೆ. ಹಿಂದಿನ ದಿನ ಅದನ್ನೂ ಗರಗಸಗಳ ಜೊತೆ ಪೂಜೆಗಿಟ್ಟು, ವಿಭೂತಿ ಹಚ್ಚಿ, ಬೆಳಿಗ್ಗೆ ಸ್ನಾನ ಮುಗಿಸಿದ ಅಪ್ಪಯ್ಯ ಬರೆಯಲು ಕೂರುತ್ತಿದ್ದರು. ಹೆಸರು, ಕೆಲಸ, ಸೇರಿದ ತಾರೀಖು. ಆ ಮೂರನೆಯ ಅಂಕಣದಲ್ಲಿ, ತಮ್ಮ ಹೆಸರೂ ಸೇರಿ, ಎಲ್ಲರಿಗೂ ಆ ದಿನದ ತಾರೀಖನ್ನೇ ಹಾಕುತ್ತಿದ್ದರು. ಒಳ್ಳೆಯ ದಿನ, ಎಲ್ಲರ ದುಡಿಮೆಯೂ ಅಂದಿನಿಂದಲೇ ಶುರುವಾದ ಹಾಗಿರಲಿ ಎಂದು. ಹಳೆಯ ಧಣಿಗಳು ಪಕ್ಕದಲ್ಲಿ ನಿಂತು ಮಂಡಕ್ಕಿ ಬೆಲ್ಲ ಹಂಚಿಸುತ್ತಿದ್ದರು. ಇಪ್ಪತ್ತೈದು ವರ್ಷ ಬಿಡದೆ ದುಡಿದವರಿಗೆ ಸಾಯುವ ತನಕ ಅರ್ಧ ಸಂಬಳ ಎಂದು ಕಾಗದ ಬರೆಸಿ ರುಜು ಹಾಕಿದ್ದವರೂ ಅವರೇ.

ಧಣಿಗಳು ತೀರಿಕೊಂಡ ಮೇಲೆ ಮಗ ಹೊಸ ಮ್ಯಾನೇಜರನ್ನು ತಂದ. ಅವನು ಅಪ್ಪಯ್ಯನನ್ನೂ ಸಾಬರನ್ನೂ ಒಂದೇ ದಿನ ಮನೆಗೆ ಕಳಿಸಿದ. ಅರ್ಧ ಸಂಬಳ ಕೇಳಿದರೆ ಇಲ್ಲವೆಂದ. ಇಬ್ಬರಿಗೂ ಬೇರೆ ಆಧಾರವಿರಲಿಲ್ಲ, ಒಟ್ಟಿಗೆ ದಾವೆ ಹಾಕಿದರು. ಇಪ್ಪತ್ತೈದು ವರ್ಷ ದುಡಿದದ್ದಕ್ಕೆ ಸಾಕ್ಷಿ ಏನಿದೆ ಎಂದು ನಮ್ಮ ವಕೀಲರು ಕೇಳಿದ್ದಕ್ಕೆ ಅಪ್ಪಯ್ಯ, "ಇಪ್ಪತ್ತೆಂಟು ಹಾಜರಿ ಪುಸ್ತಕ ಇದಾವಲ್ಲ ಸ್ವಾಮಿ, ಅವನ್ನು ತರಿಸಿ ಸಾಕು" ಎಂದರಂತೆ.

ಅಮ್ಮ ಅಕ್ಕನ ಬಾಣಂತನಕ್ಕೆ ಕಮ್ಮರಡಿಗೆ ಹೋಗಿದ್ದರಿಂದ ವಿಚಾರಣೆಯ ದಿನ ನನ್ನನ್ನೂ ಕರೆದುಕೊಂಡು ಹೋದರು. ಯುದ್ಧದ ಕಾಲ, ಪೆಟ್ರೋಲ್ ಸಿಗದೆ ಇದ್ದಿಲಿನ ಹೊಗೆಯಲ್ಲಿ ಓಡುವ ಬಸ್ಸು. ಕೋರ್ಟಿನಲ್ಲಿ ಡಿಪೋದವರ ವಕೀಲರು ಒಂದು ಪುಸ್ತಕ ಬಿಡಿಸಿ ಹಿಡಿದರು.

"ಈ ಅಕ್ಷರ ಯಾರದು?"

"ನನ್ನದೇ." ಅಪ್ಪಯ್ಯನ ದನಿಯಲ್ಲಿ ಹೆಮ್ಮೆಯಿತ್ತು.

"ನಿಮ್ಮ ಹೆಸರಿನ ಮುಂದೆ ಸೇರಿದ ತಾರೀಖು ಓದಿ."

ಓದಿದರು. ವಕೀಲರು ಇನ್ನೊಂದು ಪುಸ್ತಕ ಕೊಟ್ಟರು, ಮತ್ತೊಂದು ಕೊಟ್ಟರು. ಮೂರನೆಯದಕ್ಕೆ ಅಪ್ಪಯ್ಯನಿಗೆ ಅರ್ಥವಾಯಿತು, ಮುಖ ನೋಡಿದರೆ ನನಗೂ ಗೊತ್ತಾಗುತ್ತಿತ್ತು. ಆದರೂ ಇಪ್ಪತ್ತೆಂಟನ್ನೂ ಓದಿ ಮುಗಿಸಿದರು. ಆಮೇಲೆ ಸಾಬರ ಹೆಸರಿನ ಮುಂದಿದ್ದದ್ದನ್ನೂ ಓದಿಸಿದರು. ಮಳೆಗಾಲದ ಹಾಜರಿ ಒಂದರಲ್ಲೂ ಇಲ್ಲ, ಇವರು ಪ್ರತಿ ವರ್ಷ ಬಿಟ್ಟು ಹೋಗಿ ಹೊಸದಾಗಿ ಸೇರಿದವರು, ಕಡೆಯ ಸಲ ಸೇರಿ ವರ್ಷವೂ ತುಂಬಿಲ್ಲ ಎಂದು ಹೇಳಿ ವಕೀಲರು ಕೂತರು. ದಾವೆ ವಜಾ ಆಯಿತು.

ಬಸ್ಸಿನಲ್ಲಿ ಸಾಬರು ನನಗೆ ಕಡಲೆ ಕೊಡಿಸಿದರು. ಕೊಪ್ಪ ದಾಟಿದ ಮೇಲೆ ಅಪ್ಪಯ್ಯ, "ಸಾಬ್ರೆ, ನಿಮ್ಮ ಅನ್ನ ನಾನೇ ಕಳೆದೆ" ಎಂದರು.

"ಎಂತ ಮಾತು ಮಾರಾಯ್ರೆ! ಒಳ್ಳೆ ದಿನ ಅಂತ ಬರೆದ್ರಿ. ಕೇಡಿಗೆ ಬರೆದ್ರಾ?"

ಅಪ್ಪಯ್ಯ ಕಿಟಕಿಯ ಕಡೆ ನೋಡುತ್ತ ಕೂತರು. ಅವರು ಗದರಿದ್ದರೆ, ಅತ್ತಿದ್ದರೆ ನನಗೆ ಏನಾದರೂ ಅನ್ನಿಸುತ್ತಿತ್ತೇನೋ. ಅಂದಿನಿಂದ ಅವರು ಏನನ್ನೂ ಬರೆಯಲಿಲ್ಲ. ಲಗ್ನಪತ್ರಿಕೆಗೆ ಬಂದವರನ್ನು ಕೈನಡುಕವೆಂದು ವಾಪಸು ಕಳಿಸಿದರು. ಕಮ್ಮರಡಿಯಲ್ಲಿದ್ದ ಅಮ್ಮನಿಗೆ ಕಾಗದ ಬರೆಯುವ ಕೆಲಸ ನನ್ನ ಪಾಲಿಗೆ ಬಂತು.

ಎರಡು ವರ್ಷದಲ್ಲಿ ಮನೆ ಮಾರಬೇಕಾಯಿತು. ಕೊಂಡವರು ಕ್ರಯಪತ್ರವನ್ನು ನಮ್ಮ ಜಗಲಿಗೇ ತಂದರು. ಲೇಖನಿ ಚಾಚಿದಾಗ ಅಪ್ಪಯ್ಯ ಅದನ್ನು ಮುಟ್ಟದೆ ಎಡಗೈ ಹೆಬ್ಬೆರಳನ್ನು ಮುಂದೆ ಮಾಡಿದರು. "ನಿಮಗೆ ಬರೆಯೋಕೆ ಬರ್ತದಲ್ಲ ರೈಟ್ರೇ?" ಎಂದು ಪತ್ರ ಬರೆದವನು ಬೆರಗಾಗಿ ಕೇಳಿದ.

"ಬರೋದಿಲ್ಲ" ಎಂದರು ಅಪ್ಪಯ್ಯ.

ಸಾಕ್ಷಿಗೆ ಬಂದಿದ್ದ ಕರೀಂ ಸಾಬರು ಅದರ ಕೆಳಗೆ ತಮ್ಮ ಹೆಬ್ಬೆಟ್ಟು ಒತ್ತಿ, ಎದ್ದು ಹಿತ್ತಲಿಗೆ ಹೋದರು. ಡಿಪೋದ ಬೇಲಿಯಾಚೆಯಿಂದ ಎರಡು ಹಿಡಿ ಹೊಟ್ಟು ತಂದು, ಒಂದನ್ನು ಅಪ್ಪಯ್ಯನ ಅಂಗೈಗೆ ಹಾಕಿದರು. ಇಬ್ಬರೂ ಜಗಲಿಯ ತುದಿಯಲ್ಲಿ ಕೂತು ಬೆರಳು ತಿಕ್ಕಿಕೊಂಡರು.