ಹಾಡಿನ ತಲೆಯ ಮೇಲಿನ ಸುಳ್ಳು ಸಾಲು

ಅಭಿನಂದನ ಗ್ರಂಥವೊಂದು ತಾನು ಅಭಿನಂದಿಸುವ ವ್ಯಕ್ತಿಯನ್ನೇ ಕಳ್ಳನೆಂದು ಕರೆದದ್ದನ್ನು ನಾನು ಕಂಡದ್ದು ಅದೇ ಮೊದಲು. ಮಾತೇನೋ ಮೃದುವಾಗಿತ್ತು: ‘ಮೇಷ್ಟರು ತಮ್ಮ ನಾಟಕದ ಈ ಜನಪ್ರಿಯ ಗೀತೆಗೆ ಅಂದಿನ ಸಿನಿಮಾ ಹಾಡೊಂದರ ಮಟ್ಟನ್ನು ಬಳಸಿಕೊಂಡರು.’ ಅಚ್ಚಿಗೆ ಹೋಗುವ ಮೊದಲು, ಇಸವಿಗಳನ್ನು ತಾಳೆ ನೋಡಲೆಂದು ಕರಡನ್ನು ನನಗೆ ಕಳಿಸಿದ್ದರು. ನಿವೃತ್ತನಾದ ಮೇಲೂ ನನಗೆ ಉಳಿದಿರುವ ಕೆಲಸ ಅದೊಂದೇ. ಆ ಸಾಲನ್ನು ಓದಿ ಕರಡನ್ನು ಮೇಜಿನ ಮೇಲೆ ಬಡಿದೆ.

ಮೇಷ್ಟರು ಹೊಸದುರ್ಗದವರು. ಹರೆಯದಲ್ಲಿ ಸುತ್ತಲಿನ ಊರುಗಳ ನಾಟಕಗಳಿಗೆ ಹಾರ್ಮೋನಿಯಂ ನುಡಿಸಿ, ಹಾಡು ಕಟ್ಟಿ, ಆಮೇಲೆ ಮದರಾಸಿಗೆ ಹೋಗಿ ಹೆಸರಾಂತ ಸಂಗೀತ ನಿರ್ದೇಶಕರೊಬ್ಬರಿಗೆ ಸಹಾಯಕರಾದರು. ಕೆಲವು ಚಿತ್ರಗಳಿಗೆ ಸ್ವತಂತ್ರವಾಗಿ ಸಂಗೀತ ನೀಡಿ, ಕೊನೆಗೆ ರಂಗಭೂಮಿಗೇ ಮರಳಿದರು. ಅವರ ಹೇಳಿಕೆಯಂತೆ ಆ ಹಾಡು ಮದರಾಸಿಗೆ ಹೋಗುವ ಮೊದಲೇ ಕಟ್ಟಿದ್ದು. ಅಲ್ಲಿ ಒಮ್ಮೆ ನುಡಿಸಿ ತೋರಿಸಿದರು. ಅದು ಆ ಹಿರಿಯ ನಿರ್ದೇಶಕರ ಹೆಸರಿನಲ್ಲಿ ತೆರೆಗೆ ಬಂತು. ಅವರ ಹೇಳಿಕೆಯೊಂದನ್ನೇ ನಂಬಿ ಬರೆಯುವವನು ನಾನಲ್ಲ. ಹುಡುಕಲು ಹೊರಟೆ.

ತಪ್ಪು ಹುಟ್ಟಿದ್ದು ನಮ್ಮ ಕಡೆಯ ಒಂದು ವಾಡಿಕೆಯಿಂದ. ಇಲ್ಲಿನ ನಾಟಕದ ಪುಸ್ತಕಗಳಲ್ಲಿ ಪ್ರತಿ ಹಾಡಿನ ತಲೆಯ ಮೇಲೆ, ಅದನ್ನು ಯಾವ ಸಿನಿಮಾ ಹಾಡಿನ ಮಟ್ಟಿನಲ್ಲಿ ಹಾಡಬೇಕೆಂದು ಅಚ್ಚು ಹಾಕುತ್ತಾರೆ. ಸ್ವರಲಿಪಿ ಗೊತ್ತಿಲ್ಲದ ಹವ್ಯಾಸಿಗಳಿಗೆ ಅಷ್ಟು ಸಾಕು. ಆ ಚಿತ್ರ ಗೆದ್ದ ಮೇಲೆ ನಾಟಕವನ್ನು ಮರುಮುದ್ರಿಸಿದವನು, ಹಾಡುವವರಿಗೆ ಅನುಕೂಲವಾಗಲೆಂದು, ಮೇಷ್ಟರ ಸ್ವಂತ ಹಾಡಿನ ಮೇಲೂ ಸಿನಿಮಾ ಹಾಡಿನ ಹೆಸರು ಹಾಕಿದ. ಹೀಗೆ ತಾಯಿ ಮಗಳಾದಳು. ಮೊದಲ ಮುದ್ರಣದ ಪ್ರತಿ ಎಲ್ಲಿಯೂ ಉಳಿದಿಲ್ಲ.

ಉಳಿದಿದ್ದವರು ಆ ಹಾಡನ್ನು ರಂಗದ ಮೇಲೆ ಮೊದಲು ಹಾಡಿದ ಕಲಾವಿದೆ. ಹಿರಿಯೂರಿನಲ್ಲಿ ಮಗಳ ಮನೆಯಲ್ಲಿದ್ದರು.

“ಬರ್ರಿ, ಕುಂತ್ಕಳ್ರಿ,” ಎಂದವರು, ವಿಷಯ ಕೇಳಿದ್ದೇ ಕೆರಳಿದರು. “ಯಾವನ್ರಿ ಅವ್ನು ಹಂಗೆ ಬರ್ದೋನು? ಹೊಳಲ್ಕೆರೆ ನಾಟಕದಾಗೆ ಆ ಹಾಡು ಹಾಡ್ದಾಗ ನಂಗಿನ್ನೂ ಮದುವೇನೇ ಆಗಿರ್ಲಿಲ್ಲ. ಮದುವೆ ಆದ್ಮೇಲೆ ನಾನು ಬಣ್ಣಾನೇ ಹಚ್ಲಿಲ್ಲ. ದುರ್ಗದ ಟಾಕೀಸಿಗೆ ಆ ಸಿನಿಮಾ ಬಂದಾಗ ಇವ್ಳು ನನ್ ತೊಡೆ ಮ್ಯಾಲಿದ್ಳು. ಹಾಡು ಶುರುವಾತು ನೋಡ್ರಿ, ‘ಇದು ನಮ್ ಮೇಷ್ಟ್ರುದು!’ ಅಂತ ಕುಂತಲ್ಲೇ ಕೂಗ್ದೆ. ನಮ್ ಯಜಮಾನ್ರು ‘ಲೇ, ಬಾಯ್ಮುಚ್ಚು, ಜನ ನೋಡ್ತವ್ರೆ’ ಅಂದ್ರು.”

“ಈಗ ಯಾರೂ ಮುಚ್ಸೋರಿಲ್ಲ, ಹೇಳಮ್ಮ,” ಎಂದು ಮಗಳು ನಕ್ಕಳು.

ನಾನು ಅಷ್ಟಕ್ಕೇ ನಿಲ್ಲಲಿಲ್ಲ. ಮದುವೆಯ ಇಸವಿಯನ್ನು ಆಕೆಯ ತಂಗಿಯಿಂದ ಬೇರೆಯಾಗಿ ಕೇಳಿದೆ. ಹೊಳಲ್ಕೆರೆಯಲ್ಲಿ ಆ ನಾಟಕದ ನಾಯಕನ ಪಾತ್ರ ಮಾಡಿದವರನ್ನು ಕಂಡೆ; ಅವರೂ ಅದನ್ನೇ ಹೇಳಿದರು. ನಮ್ಮ ಊರುಗಳಿಗೆ ಚಿತ್ರಗಳು ತಡವಾಗಿ ಬರುತ್ತಿದ್ದವಾದ್ದರಿಂದ, ಬೆಂಗಳೂರಿನಲ್ಲಿ ಮೊದಲು ತೆರೆಕಂಡ ದಿನವನ್ನೇ ಆಧಾರವಾಗಿ ಹಿಡಿದೆ. ಇಸವಿಗಳನ್ನು ಇಲ್ಲಿ ಬರೆದರೆ ಚಿತ್ರ ಯಾವುದೆಂದು ಗುರುತಾಗುತ್ತದೆ, ಅದಕ್ಕಾಗಿ ಬಿಟ್ಟಿದ್ದೇನೆ. ಹೇಗೆ ತಾಳೆ ನೋಡಿದರೂ ನಾಟಕ ಮೊದಲು, ಮದುವೆ ನಂತರ, ಚಿತ್ರ ಅದಕ್ಕೂ ಈಚೆಗೆ.

ಸಂಪಾದಕರಿಗೆ ಫೋನ್ ಮಾಡಿದೆ.

“ಸಾರ್, ಆ ಅಜ್ಜಿ ಮಾತು ದಾಖಲೆ ಆಗುತ್ತಾ? ನಮ್ಮತ್ರ ಅಚ್ಚಾದ ಪುಸ್ತಕಾನೇ ಐತೆ.”

“ಯಾವ ಇಸವಿಯ ಅಚ್ಚು?”

“ಇಸವಿ ಹಾಕಿಲ್ಲ ಸಾರ್.”

“ಇಸವಿಯೇ ಇಲ್ಲದ ಪುಸ್ತಕ ದಾಖಲೆ, ಹಾಡಿದವರ ಮಾತು ಕಟ್ಟುಕಥೆ. ಅಲ್ಲವೇನಪ್ಪ?”

“ಸಿಟ್ಟಾಗಬ್ಯಾಡ್ರಿ ಸಾರ್. ‘ಬಳಸಿಕೊಂಡರು’ ತೆಗ್ದು ‘ಪ್ರೇರಣೆ ಪಡೆದರು’ ಅಂತ ಮಾಡ್ತೀನಿ.”

ಹಾಗೆಯೇ ಮಾಡಿದರು. ಕಳ್ಳತನಕ್ಕೆ ಶಾಲು ಹೊದಿಸಿದರು. ಆ ಗ್ರಂಥಕ್ಕೆಂದು ಬರೆದುಕೊಟ್ಟಿದ್ದ ನನ್ನ ಲೇಖನವನ್ನು ಹಿಂದಕ್ಕೆ ಪಡೆದೆ. ಅದರಿಂದ ಅವರಿಗೆ ಕೆಲವು ಪುಟ ಉಳಿಯಿತೇ ಹೊರತು ಬೇರೇನೂ ಆಗಲಿಲ್ಲ.

ಚಿತ್ರದುರ್ಗದಲ್ಲಿ ನಡೆದ ಗ್ರಂಥ ಬಿಡುಗಡೆಯ ಸಭೆಯಲ್ಲಿ ಮೇಷ್ಟರನ್ನು ಹಾರ್ಮೋನಿಯಂ ಮುಂದೆ ಕೂರಿಸಿ, ನಿರೂಪಕಿ ಆ ಸಿನಿಮಾದ ಹೆಸರು ಹೇಳಿ, ಅದೇ ಹಾಡನ್ನು ನುಡಿಸಬೇಕೆಂದು ಕೋರಿದಳು. ಮೇಷ್ಟರು ತಿದಿಯ ಮೇಲೆ ಕೈಯಿಟ್ಟು ಅವಳ ಕಡೆ ತಿರುಗಿದರು.

“ಆ ಸಿನಿಮಾದ ಹಾಡು ನಂಗೆ ಬರಲ್ಲ ಕಣಮ್ಮ,” ಎಂದು, ಬೇರೊಂದನ್ನು ನುಡಿಸಿದರು.

ಸಂಪಾದಕರು ಮೈಕ್ ಎತ್ತಿಕೊಂಡರು: “ಪಾಪ, ಮೇಷ್ಟ್ರಿಗೆ ವಯಸ್ಸಾಗೈತೆ, ಮರ್ತೋಗೈತೆ. ಜೋರಾಗಿ ಚಪ್ಪಾಳೆ ತಟ್ರಿ!” ಸಭೆ ಕರುಣೆಯಿಂದ ತಟ್ಟಿತು. ಆ ಚಪ್ಪಾಳೆಯಷ್ಟು ನೀಚವಾದ ಸದ್ದನ್ನು ನಾನು ಕೇಳಿಲ್ಲ.

ಹೊಸದುರ್ಗಕ್ಕೆ ಕಾರಿನಲ್ಲಿ ಮರಳುವಾಗ ಮೇಷ್ಟರ ತೊಡೆಯ ಮೇಲೆ ಆ ಗ್ರಂಥವಿತ್ತು. ಒಮ್ಮೆ ಅದನ್ನು ತೆರೆದು, ಆ ಸಾಲು ನೋಡಿ ಮುಚ್ಚಿದರು. ಆಮೇಲೆ, “ಮರ್ತಿಲ್ಲ ಅಂತ ನೀವಾದ್ರೂ ಬರೀರಿ,” ಎಂದರು.

ಬರೆಯುತ್ತಿದ್ದೇನೆ. ಅವರು ಮರೆತಿರಲಿಲ್ಲ. ಹಾಡು ಅವರದು.