ಬೀರಾನಿಕ್ಕ ಎಳೆದ ಮಂಚಗಳು

ನರ್ಸ್ ವಿಲಾಸಿನಿ ಬೀರಾನಿಕ್ಕನನ್ನು ಮೊದಲು ಕಂಡ ದಿನ, ಕೇರಳದ ತಿರೂರಿನ ಒಂದು ಮನೆಯಲ್ಲಿ, ಹಾಸಿಗೆ ಹಿಡಿದವರ ಆರೈಕೆಗೆ ಹೋಗುವ ಸ್ವಯಂಸೇವಕರಾದ ಅವರು ರೋಗಿಯ ಮಂಚದ ಮೇಲೆ ತಾವೇ ಮಲಗಿದ್ದರು. ರೋಗಿ ಕುರ್ಚಿಯಲ್ಲಿ ಕೂತು ನಗುತ್ತಿದ್ದ. “ಇಲ್ಲಿಂದ ಬರೀ ಫ್ಯಾನ್ ಕಾಣತ್ತೆ ಮೋಳೇ. ಸಾಯೋವರೆಗೂ ಇವನು ಇದನ್ನೇ ನೋಡ್ಬೇಕಾ?” ಎಂದು, ಮಗಳೊಡನೆ ಮಾತಾಡುವಂತೆ ವಿಲಾಸಿನಿಗೆ ಹೇಳುತ್ತ ಎದ್ದು ಮಂಚವನ್ನು ಕಿಟಕಿಯ ಬಳಿಗೆ ಎಳೆದರು. ಆರೈಕೆಗೆ ಹೋದ ಮನೆಗಳಲ್ಲೆಲ್ಲ ಇದೇ ಕೆಲಸ. ಅಡ್ಡ ಬಂದ ಬೀರು, ಸೋಫಾ, ಒಮ್ಮೆ ಮನೆಯಳಿಯನನ್ನೂ ಅಂಗಳಕ್ಕೆ ಸಾಗಿಸಿದ್ದರು. “ರೋಗಿ ನೆಂಟರ ಕಣ್ಣಿಗೆ ಬೀಳ್ತಾರಲ್ಲ ಇಕ್ಕಾ?” ಎಂದು ಮನೆಯವರು ಕೇಳಿದರೆ, “ನೆಂಟರೂ ಇವರ ಕಣ್ಣಿಗೆ ಬೀಳ್ಲಿ ಬಿಡು!” ಹಾಸಿಗೆ ಹಿಡಿದಿದ್ದ ತಮ್ಮ ಹೆಂಡತಿ ಬಿಯ್ಯಾತುವನ್ನು ಮಾತ್ರ, ನೆಂಟರಿಗೆ ಕಾಣದಿರಲೆಂದು, ಕೊನೆಯವರೆಗೂ ಕಿಟಕಿಯಿಲ್ಲದ ಒಳಕೋಣೆಯಲ್ಲೇ ಮಲಗಿಸಿದ್ದರೆಂದು ವಿಲಾಸಿನಿಗೆ ತಿಳಿದದ್ದು ಬಹಳ ತಡವಾಗಿ. ಈಗ ಹಾಸಿಗೆ ಹಿಡಿದಿರುವವರು ಬೀರಾನಿಕ್ಕನೇ. ಮಗಳು ವರಾಂಡದಲ್ಲಿ ಹಾಕಿಸಿದ ಮಂಚ ಬೇಡವೆಂದು ಆ ಒಳಕೋಣೆಯನ್ನೇ ಸೇರಿದ್ದಾರೆ. ವಿಲಾಸಿನಿ ಮಂಚವನ್ನು ಹೊರಕ್ಕೆ ಎಳೆಯಹೋದರೆ, “ಬೇಡ ಮೋಳೇ,” ಎಂದು ಬಿಯ್ಯಾತು ನೋಡುತ್ತಿದ್ದ ಗೋಡೆಯತ್ತ ಹೊರಳುತ್ತಾರೆ.